ಮುಗಿಲವಾಡಿಗೆ ಒಯ್ದ ಮಣ್ಣು

ತುರೋರಿ

ಗಾಳಿಹಡಗು ಹತ್ತುವ ಮೊದಲು ಮನುಷ್ಯರನ್ನೂ ತೂಗುತ್ತಾರೆ ಎಂದು ನನಗೆ ಯಾರೂ ಹೇಳಿರಲಿಲ್ಲ. ತುರೋರಿಯಲ್ಲಿ ಹೆದ್ದಾರಿ ಪಕ್ಕದ ಲಾರಿ ನಿಲ್ಲುವ ಬಯಲನ್ನು ದಾಟಿದರೆ ಹಡಗು ಕಟ್ಟುವ ಎತ್ತರದ ಕಂಬ ಸಿಗುತ್ತದೆ. ಅದರ ಬುಡದಲ್ಲಿ, ಅಡತಿ ಅಂಗಡಿಯಲ್ಲಿ ಜೋಳದ ಚೀಲ ತೂಗುವಂಥದೇ ಒಂದು ಕಾಂಟಾ. ವಲಾಂಡಿಯಲ್ಲಿ ನನ್ನದೊಂದು ಹಿಟ್ಟಿನ ಗಿರಣಿ ಇದೆ. ಊರವರ ಜೋಳ, ಗೋದಿ ತೂಗುತ್ತಲೇ ನನ್ನ ಅರ್ಧ ಆಯುಷ್ಯ ಕಳೆದಿದೆ. ಆದರೆ ನಾನೇ ಕಾಂಟಾ ಏರಿ ನಿಂತದ್ದು ಅದೇ ಮೊದಲು. ಮುಳ್ಳು ಎಲ್ಲಿಗೆ ಹೋಗಿ ನಿಂತಿತೋ ನಾನು ನೋಡಲಿಲ್ಲ. ಕಾಂಟಾದವನು ನೋಡಿದ. ನನ್ನನ್ನೊಮ್ಮೆ, ಮೇಲೆ ತೂಗಾಡುತ್ತಿದ್ದ ಹಡಗನ್ನೊಮ್ಮೆ ನೋಡಿ, ಒಂದು ತೊಗರಿ ಚೀಲ ಇಳಿಸುವಂತೆ ಹಮಾಲರಿಗೆ ಕೂಗಿ ಹೇಳಿದ. ಸಾಲಿನಲ್ಲಿದ್ದವರೆಲ್ಲ ನಕ್ಕರು. ನಾನೂ ನಕ್ಕೆ, ಬೇರೆ ದಾರಿ ಇರಲಿಲ್ಲ.

ಆಮೇಲೆ ಸಾಮಾನಿನ ಸರದಿ. ಬಟ್ಟೆಯ ಗಂಟು ಆಯಿತು, ಅವ್ವ ಕೊಟ್ಟ ಅಂಬಲಿಯ ಗಡಿಗೆ ಆಯಿತು. ಕೊನೆಗೆ ಒಂದು ಸಣ್ಣ ಅರಿವೆಯ ಚೀಲ ಉಳಿಯಿತು. ಇದರಲ್ಲೇನಿದೆ ಎಂದು ಅವನು ಕೇಳಿದ. ನಮ್ಮ ಹೊಲದ ಮಣ್ಣು ಎಂದೆ. ಅವನು ಆ ಚೀಲವನ್ನು ಕಾಂಟಾದಿಂದ ಎತ್ತಿ, ಕಣ್ಣಿಗೆ ಒತ್ತಿಕೊಂಡು, ನನ್ನ ಕೈಗೆ ವಾಪಸು ಕೊಟ್ಟ.

"ಇದನ್ನ ತೂಗಂಗಿಲ್ಲ ರೀ."

ಅಷ್ಟು ತೂಕ ಉಳಿಯಿತಲ್ಲ ಎಂದು ನನಗೆ ಖುಷಿಯೇ ಆಯಿತು. ಯಾಕೆ ತೂಗುವುದಿಲ್ಲ ಎಂದು ಕೇಳಬೇಕೆಂದು ಹೊಳೆಯಲೇ ಇಲ್ಲ.

ನಾನು ಹೊರಟದ್ದು ಮುಗಿಲವಾಡಿಗೆ, ಗೌರಕ್ಕನನ್ನು ಕರೆತರಲು. ಮುಗಿಲವಾಡಿ ನಮ್ಮ ಕಡೆಯವರಿಗೆ ಗೊತ್ತಿಲ್ಲದ ಊರಲ್ಲ. ನಾನು ಸಣ್ಣವನಿದ್ದಾಗ ಅದು ಉಮರ್ಗಾದ ನೆತ್ತಿಯ ಮೇಲೇ ತೇಲುತ್ತಿತ್ತು. ಇಳಿಹೊತ್ತಿನಲ್ಲಿ ಅದರ ನೆರಳು ನಿಲಂಗಾದ ಹೊಲಗಳವರೆಗೂ ಬರುತ್ತಿತ್ತು. ಕಳೆ ತೆಗೆಯುವ ಹೆಂಗಸರು ಆ ನೆರಳಿನ ಜೊತೆಯಲ್ಲೇ ಸಾಲು ಹಿಡಿದು ಸರಿಯುತ್ತಿದ್ದರು. ಅಲ್ಲಿಯವರು ಬಾವಿಯ ಹಗ್ಗ ಮಾರಲು ಉದಗೀರದ ಪೇಟೆಗೆ ಇಳಿದು ಬರುತ್ತಿದ್ದರು. ಅಂಥ ಒಬ್ಬ ಹಗ್ಗದವನಿಗೇ ನಮ್ಮ ಅಕ್ಕನನ್ನು ಕೊಟ್ಟದ್ದು. ಮೊದಮೊದಲು ಅಕ್ಕ ಎಳ್ಳ ಅಮಾವಾಸ್ಯೆಗೆ ತಪ್ಪದೆ ಬರುತ್ತಿದ್ದಳು. ಆದರೆ ಮುಗಿಲವಾಡಿ ನಿಂತಲ್ಲಿ ನಿಲ್ಲುವ ಊರಲ್ಲ. ಮೇಯುವ ದನದ ಹಾಗೆ, ಗಾಳಿ ಬೀಸಿದ ಕಡೆ ನಿಧಾನವಾಗಿ ಸರಿಯುತ್ತದೆ. ವರ್ಷ ಕಳೆದಂತೆ ದೂರವಾಯಿತು, ಹಡಗುಗಳು ಕಡಿಮೆಯಾದವು, ಅಕ್ಕ ಬರುವುದು ನಿಂತೇ ಹೋಯಿತು.

ಅಷ್ಟು ಎತ್ತರಕ್ಕೆ ಫೋನು ಹತ್ತುವುದಿಲ್ಲ. ಹಡಗಿನ ಮಂದಿ ಬಾಯಲ್ಲಿ ತಂದದ್ದೇ ಸುದ್ದಿ. ಅಕ್ಕನ ಗಂಡ, ನಮ್ಮ ಮಾವ, ತೀರಿಕೊಂಡದ್ದು ಹಾಗೆಯೇ ತಿಳಿಯಿತು. ಈ ಸಲ ಬಂದ ಸುದ್ದಿ ಇನ್ನೂ ಕೆಟ್ಟದ್ದು: ಮುಗಿಲವಾಡಿ ಕಡಲಿನ ಕಡೆ ಹೊರಳಿದೆ, ತುರೋರಿಯಿಂದ ಹೋಗುವುದು ಇದೇ ಕೊನೆಯ ಹಡಗು. ಅದರಲ್ಲಿ ಇಳಿದು ಬಂದವರು ಬಂದರು, ಅಲ್ಲಿ ಉಳಿದವರು ಉಳಿದರು. ನಮ್ಮ ಆಯುಷ್ಯದಲ್ಲಿ ಆ ಊರು ಮತ್ತೆ ನಮ್ಮ ಮುಗಿಲಿಗೆ ಬರುವುದಿಲ್ಲ.

ನಮ್ಮ ಶಾಲೆಯಲ್ಲಿ ಇದ್ದದ್ದು ಮರಾಠಿ. ನನಗೆ ಕನ್ನಡ ಅಕ್ಷರ ಕಲಿಸಿದವಳು ಗೌರಕ್ಕ. ಒಲೆಯ ಬೂದಿಯನ್ನು ನೆಲದ ಮೇಲೆ ಹರವಿ, ನನ್ನ ಬೆರಳು ಹಿಡಿದು ತೀಡಿಸುತ್ತಿದ್ದಳು. ತಪ್ಪಿದರೆ ಅದೇ ಬೂದಿಯನ್ನು ನನ್ನ ಮೂಗಿಗೆ ಬಳಿಯುತ್ತಿದ್ದಳು. ಇವತ್ತು ನಾನು ಈ ಸಾಲುಗಳನ್ನು ಬರೆಯುತ್ತಿರುವುದು ಆ ಬೂದಿಯ ಪುಣ್ಯದಿಂದ. ಅವಳನ್ನು ನೋಡಬೇಕೆಂಬ ಆಸೆ ನನ್ನೊಳಗೆ ಇಷ್ಟು ವರ್ಷ ಸುಮ್ಮನೆ ಮಲಗಿತ್ತು. ಕೊನೆಯ ಹಡಗು ಎಂಬ ಮಾತು ಕಿವಿಗೆ ಬಿದ್ದ ದಿನದಿಂದ ನನಗೆ ರೊಟ್ಟಿ ರುಚಿಸಲಿಲ್ಲ.

ಹೊರಡುವ ಹಿಂದಿನ ದಿನ ಅವ್ವ ತಾನೇ ಹೊಲಕ್ಕೆ ಹೋದಳು. ಬನ್ನಿ ಗಿಡದ ಬುಡದಲ್ಲಿ, ಪ್ರತಿ ವರ್ಷ ಅಮಾವಾಸ್ಯೆಯ ಪೂಜೆಗೆ ನಾವು ಜೋಳದ ದಂಟಿನ ಸಣ್ಣ ಗುಡಿಸಲು, ಕೋಪಿ, ಕಟ್ಟುವ ಜಾಗದಲ್ಲಿ, ಖುರ್ಪಿಯಿಂದ ಮಣ್ಣು ಅಗೆದು ಚೀಲಕ್ಕೆ ತುಂಬಿದಳು. ನಾನು ಅಗೆಯುತ್ತೇನೆ ಎಂದರೆ ಕೊಡಲಿಲ್ಲ. ಗಂಡ ಹೋದವಳಿಗೆ ಉಡಿ ತುಂಬುತ್ತಾರೇನು ಎಂದು ನೆರೆಮನೆಯ ಕಾಕು ಕೇಳಿದ್ದಕ್ಕೆ, ಮಗಳ ಉಡಿ ತುಂಬಲು ತವರಿಗೆ ಯಾರ ಅಪ್ಪಣೆಯೂ ಬೇಡ ಎಂದು ಅವಳ ಬಾಯಿ ಮುಚ್ಚಿಸಿದಳು. ಆಮೇಲೆ ನನ್ನನ್ನು ಕರೆದು ಚೀಲ ಕೊಟ್ಟಳು.

"ಇದನ್ನ ಆಕಿ ಉಡಿಯಾಗ ಹಾಕು. ಕೈಯಾಗ ಕೊಡಬ್ಯಾಡ, ಉಡಿಯಾಗ ಹಾಕು. ಮತ್ತೇನೂ ಹೇಳೂದು ನಕೋ."

ಅಕ್ಕನಿಗೆ ಏನು ಹೇಳಲಿ ಎಂದು ಕೇಳಿದ್ದಕ್ಕೆ ಅವಳ ಉತ್ತರ ಅಷ್ಟೇ ಆಗಿತ್ತು. ಬಾ ಎಂದು ಹೇಳಿ ಕಳಿಸುವ ಮಾತೇನಿದೆ, ನಾನು ಹೋಗುತ್ತಿರುವುದೇ ಅದಕ್ಕಲ್ಲವೇ ಎಂದುಕೊಂಡೆ.

ಗೂಟದ ಕಲ್ಲು

ಮೇಲೆ ದೊಡ್ಡ ಗಾಳಿಚೀಲ, ಕೆಳಗೆ ಅದಕ್ಕೆ ಜೋತುಬಿದ್ದ ಬಿದಿರಿನ ತೊಟ್ಟಿಲು. ಗಾಳಿಹಡಗು ಎಂದರೆ ಇಷ್ಟೇ. ತೊಟ್ಟಿಲಿನ ಮುಂಭಾಗದಲ್ಲಿ ಮಂದಿ, ಹಿಂಭಾಗದಲ್ಲಿ ಮಾಲು. ಹಡಗು ನಡೆಸುವವನಿಗೆ ತಾಂಡೇಲ ಎನ್ನುತ್ತಾರೆ. ನಮ್ಮ ತಾಂಡೇಲ ಅಂಗೈಯನ್ನು ನೀರಲ್ಲಿ ಅದ್ದಿ ಹೊರಗೆ ಚಾಚಿ ಗಾಳಿ ನೋಡುತ್ತಿದ್ದ. ಬೇರೆ ಯಂತ್ರ ಇದೆಯೇ ಎಂದು ಕೇಳಿದೆ. ಇದೆ, ಆದರೆ ಇದು ಕೆಟ್ಟು ನಿಲ್ಲುವುದಿಲ್ಲ ಎಂದು ಕೈ ತೋರಿಸಿದ.

ಹಡಗು ಕಂಬ ಬಿಟ್ಟಾಗ ನಾನು ಕಣ್ಣು ಮುಚ್ಚಿ ಕುಳಿತಿದ್ದೆ. ತೆರೆದು ನೋಡುವಷ್ಟರಲ್ಲಿ ಹೆದ್ದಾರಿಯ ಲಾರಿಗಳು ಇರುವೆಗಳಾಗಿದ್ದವು. ನಮ್ಮ ವಲಾಂಡಿ ಯಾವುದು ಎಂದು ಹುಡುಕಿದೆ. ಎಲ್ಲ ಊರುಗಳೂ ಒಂದೇ ಥರ ಕಂಡವು: ಒಂದು ಗುಡಿ, ಒಂದು ಬೇವಿನ ಗಿಡ, ಒಂದು ನೀರಿನ ಟಾಕಿ, ಸುತ್ತ ಕಪ್ಪು ಹೊಲ. ಅಕ್ಕ ಅಲ್ಲಿಂದ ನಮ್ಮ ಊರನ್ನು ಹುಡುಕಿ ಹುಡುಕಿ ಎಷ್ಟು ಸಲ ಸೋತಿರಬೇಕು ಎನಿಸಿತು.

ಆ ಯೋಚನೆ ಹೆಚ್ಚು ಹೊತ್ತು ಉಳಿಯಲಿಲ್ಲ, ಏಕೆಂದರೆ ಗಡಿಗೆ ಗುಂಯ್‌ಗುಡತೊಡಗಿತು. ಅಂಬಲಿ ಎಂದರೆ ಜೋಳದ ಹಿಟ್ಟನ್ನು ಮಜ್ಜಿಗೆಯಲ್ಲಿ ಕಲಸಿ ಹುಳಿ ಬರಿಸಿದ್ದು. ಎಳ್ಳ ಅಮಾವಾಸ್ಯೆಗೆ ಅದಿಲ್ಲದೆ ಆಗುವುದಿಲ್ಲ. ಮೇಲೆ ದನವೂ ಇಲ್ಲ, ಮಜ್ಜಿಗೆಯೂ ಇಲ್ಲ ಎಂದು ಅವ್ವ ಗಡಿಗೆ ತುಂಬ ಕೊಟ್ಟಿದ್ದಳು. ದಾರಿಯಲ್ಲಿ ತುಳುಕಬಾರದೆಂದು ಬಾಯಿಗೆ ಅರಿವೆ ಬಿಗಿದು, ಅದರ ಮೇಲೆ ಕಣಕ ಮೆತ್ತಿ, ಮತ್ತೆ ಹಗ್ಗ ಸುತ್ತಿದ್ದಳು. ಎತ್ತರ ಏರಿದಂತೆ ಹೊರಗಿನ ಗಾಳಿ ತೆಳ್ಳಗಾಗುತ್ತದೆ, ಒಳಗಿನದು ಉಬ್ಬುತ್ತದೆ ಎಂಬುದು ಅವಳಿಗೂ ಗೊತ್ತಿಲ್ಲ, ನನಗೂ ಗೊತ್ತಿಲ್ಲ. ಢಬ್ ಎಂದಿತು. ಹಡಗಿನ ತುಂಬ ಹುಳಿ ವಾಸನೆ. ತಾಂಡೇಲನ ರುಮಾಲು, ಇಬ್ಬರು ವ್ಯಾಪಾರಿಗಳ ಅಂಗಿ, ನನ್ನ ಮೀಸೆ, ಎಲ್ಲವೂ ಬೆಳ್ಳಗಾದವು. ಹೆಚ್ಚಿನ ಪಾಲು ಮಾಳಪ್ಪಣ್ಣನ ಕಂಬಳಿಗಳ ಮೇಲೆ ಬಿತ್ತು.

ಮಾಳಪ್ಪಣ್ಣ ಉದಗೀರದ ಕಡೆಯವನು, ಕುರಿ ಸಾಕುವ ಮನೆತನ, ಬೀರಪ್ಪನ ಒಕ್ಕಲು. ಹಣೆಗೆ ಅರಿಶಿನದ ಭಂಡಾರವಿಲ್ಲದೆ ಅವನನ್ನು ಯಾರೂ ನೋಡಿಲ್ಲ. ವರ್ಷಕ್ಕೊಮ್ಮೆ ಮುಗಿಲವಾಡಿಗೆ ಕಂಬಳಿ ಒಯ್ಯುತ್ತಾನೆ. ಅಕ್ಕನ ಸುದ್ದಿ ಅವ್ವನಿಗೆ, ಅವ್ವನ ಸುದ್ದಿ ಅಕ್ಕನಿಗೆ ಮುಟ್ಟಿಸುತ್ತಿದ್ದವನು ಅವನೇ. ನಾನು ನಾಚಿಕೆಯಿಂದ ಕುಗ್ಗಿ, ಧೋತರದ ಸೆರಗಿನಿಂದ ಕಂಬಳಿ ಒರೆಸತೊಡಗಿದೆ.

"ಬಿಡ್ರಿ ಮಾಲಕ್ರ," ಎಂದ. "ಕಂಬಳಿಗಿ ಹಾಲು ಬಿದ್ರ ಬೀರಪ್ಪ ಸಿಟ್ಟಾಗಂಗಿಲ್ಲ. ಅಂಬಲಿಗಿ ಸಿಟ್ಟಾಗ್ತಾನೇನು?"

ದಾರಿಯ ನಡುವೆ ಗೂಟದ ಕಲ್ಲು ಎಂಬ ಒಂದು ಬಂಡೆ ಮುಗಿಲಲ್ಲಿ ನಿಂತಿದೆ. ಅದರ ತುಂಬ ಕಬ್ಬಿಣದ ಗೂಟಗಳು. ಹಡಗುಗಳು ಅಲ್ಲಿ ಹಗ್ಗ ಬಿಗಿದು ಗಾಳಿಗಾಗಿ ಕಾಯುತ್ತವೆ. ಎಷ್ಟು ಹೊತ್ತು ಎಂದು ನಾನು ಕೇಳಿದಾಗ ಎಲ್ಲರೂ ನನ್ನನ್ನು ವಿಚಿತ್ರವಾಗಿ ನೋಡಿದರು. ನಿಲಂಗಾದ ಬಸ್‌ಸ್ಟ್ಯಾಂಡಿನಲ್ಲಿ ಬಸ್ಸು ಸ್ವಲ್ಪ ತಡವಾದರೆ ನಾವು ಕಂಡಕ್ಟರನ ಏಳು ತಲೆಮಾರು ಎಣಿಸುತ್ತೇವೆ. ಇಲ್ಲಿ ಗಾಳಿಯ ಜೊತೆ ಜಗಳಾಡುವವರು ಯಾರೂ ಇಲ್ಲ. ಕೆಲವರು ಮಲಗಿದರು, ಕೆಲವರು ಹಗ್ಗ ಹೊಸೆದರು. ಅಲ್ಲಿ ಚಹಾದಂಗಡಿಯೂ ಇದೆ. ಆ ಎತ್ತರದಲ್ಲಿ ನೀರು ಬೇಗ ಕುದಿಯುತ್ತದೆ, ಆದರೆ ಬಿಸಿಯಾಗುವುದಿಲ್ಲ. ಕುದಿಯುವ ಚಹಾವನ್ನು ಊದದೆ ಕುಡಿಯಬಹುದು. ತೊಗರಿ ಬೇಳೆಯಂತೂ ಬೆಳಗಿನಿಂದ ಒಲೆಯ ಮೇಲಿದ್ದರೂ ಕಾಳು ಕಾಳೇ. ನಮ್ಮ ಮಂದಿ ಸ್ವರ್ಗಕ್ಕೆ ಹೋಗಬೇಕೆಂದು ಯಾಕೆ ಆಸೆಪಡುತ್ತಾರೋ, ಅಲ್ಲಿ ಬೇಳೆ ಬೇಯುವುದಿಲ್ಲ ಎಂದು ಅವರಿಗೆ ಯಾರಾದರೂ ಹೇಳಬೇಕು.

ಅಲ್ಲಿ ಕುಳಿತಿದ್ದಾಗ ಮಾಳಪ್ಪಣ್ಣ ನನ್ನ ತೊಡೆಯ ಮೇಲಿದ್ದ ಚೀಲ ನೋಡಿ, ಏನದು ಎಂದ. ಹೇಳಿದೆ. ಯಾರು ಕೊಟ್ಟರು ಎಂದ. ಅವ್ವ ಎಂದೆ. ಉಡಿಯಲ್ಲೇ ಹಾಕು ಎಂದಳೇ ಎಂದು ಮತ್ತೆ ಕೇಳಿದ. ಹೌದು ಎಂದೆ. ಅವನು ರುಮಾಲು ಬಿಚ್ಚಿ ಮತ್ತೆ ಸುತ್ತಿಕೊಂಡ, ಚಹಾದ ಬಟ್ಟಲನ್ನು ಕೆಳಗಿಟ್ಟ.

"ನಿಮ್ಮವ್ವ ದೊಡ್ಡಾಕಿ ಅದಾಳ," ಎಂದ. ಆಮೇಲೆ ಕಂಬಳಿ ಹೊದ್ದು ಆ ಕಡೆ ಹೊರಳಿದ.

ಮುಗಿಲವಾಡಿ

ಮುಗಿಲವಾಡಿ ದೂರದಿಂದ ಒಂದು ದೊಡ್ಡ ಕಲ್ಲುಗುಡ್ಡ. ಹತ್ತಿರ ಹೋದಾಗ ಗುಡ್ಡದ ಮೈತುಂಬ ಮನೆಗಳು, ಮನೆಯಿಂದ ಮನೆಗೆ ಹಗ್ಗಗಳು. ಹಗ್ಗ ಹಿಡಿಯದೆ ಅಲ್ಲಿ ಯಾರೂ ನಡೆಯುವುದಿಲ್ಲ. ನಿಂತು ಮಾತಾಡುವಾಗಲೂ ಒಂದು ಕೈ ಹಗ್ಗದ ಮೇಲೆ. ನೆಲ ಸದಾ ಸಣ್ಣಗೆ ತೂಗುತ್ತದೆ. ಅವರಿಗೆ ಅದು ಗೊತ್ತಾಗುವುದಿಲ್ಲ, ನನಗೆ ಅದೊಂದೇ ಗೊತ್ತಾಗುತ್ತಿತ್ತು.

ಇಳಿದ ಕೂಡಲೇ ನಾನೊಂದು ಎಡವಟ್ಟು ಮಾಡಿದೆ. ಬಾಯಲ್ಲಿ ಎಲೆ ಅಡಿಕೆ ಇತ್ತು, ಪಕ್ಕದಲ್ಲೇ ಕಟ್ಟೆ, ಅದರ ಆಚೆ ಬರೀ ಬಯಲು. ಉಗುಳಲು ಬಗ್ಗಿದೆ. ದಾರಿಯಲ್ಲಿ ಹೋಗುತ್ತಿದ್ದ ಮುದುಕರೊಬ್ಬರು ಓಡಿಬಂದು ನನ್ನ ಬಾಯಿಗೆ ಕೈ ಅಡ್ಡ ಹಿಡಿದರು. ಅಲ್ಲಿ ಕೆಳಗೆ ಏನನ್ನೂ ಬೀಳಿಸುವ ಹಾಗಿಲ್ಲ. ಕೆಳಗೆ ಯಾರದೋ ತಲೆ ಇದೆ ಎಂಬುದು ಅವರು ಹುಟ್ಟಿದಾಗಿನಿಂದ ಕಲಿತ ಪಾಠ. ಬಾವಿಯ ಪಕ್ಕದಲ್ಲೇ ಪಾತ್ರೆ ತೊಳೆಯುವ ನಮ್ಮವರ ನೆನಪಾಗಿ, ಬಾಯಲ್ಲಿದ್ದದ್ದನ್ನು ನುಂಗಿಬಿಟ್ಟೆ.

ಮಾಳಪ್ಪಣ್ಣನ ಕಂಬಳಿಗಳು ಯಾಕೆ ಬೇಕೆಂದು ಆಗ ತಿಳಿಯಿತು. ಅಲ್ಲಿ ಬಾವಿ ಇಲ್ಲ, ಹಳ್ಳ ಇಲ್ಲ. ಊರಿನ ಅಂಚಿನಲ್ಲಿ ಉದ್ದಕ್ಕೂ ಬಿದಿರಿನ ಚೌಕಟ್ಟು ನಿಲ್ಲಿಸಿ, ಅದಕ್ಕೆ ಕಂಬಳಿ ಬಿಗಿದಿದ್ದಾರೆ. ಮಂಜು ಬಂದು ಕಂಬಳಿಗೆ ಹಾಯುತ್ತದೆ, ಉಣ್ಣೆ ಅದನ್ನು ಹಿಡಿಯುತ್ತದೆ, ತುದಿಯಿಂದ ಹನಿ ಹನಿಯಾಗಿ ಕೊಡಕ್ಕೆ ಇಳಿಯುತ್ತದೆ. ನಾವು ನೀರು ತಾಗದಿರಲೆಂದು ಕಂಬಳಿ ಹೊದೆಯುತ್ತೇವೆ. ಅವರು ಕಂಬಳಿಯಿಂದ ನೀರು ಹಿಂಡಿ ಕುಡಿಯುತ್ತಾರೆ. ಆ ನೀರಿಗೆ ಕುರಿಯ ವಾಸನೆ ಸ್ವಲ್ಪ ಇರುತ್ತದೆ. ಆ ವರ್ಷ ಅಂಬಲಿಯ ವಾಸನೆಯೂ ಸೇರಿರಬೇಕು.

ಹಡಗಿನ ಹಗ್ಗ ಹಿಡಿದು ಗೂಟಕ್ಕೆ ಬಿಗಿದವಳು ಒಬ್ಬ ಗಟ್ಟಿಮುಟ್ಟಾದ ಹುಡುಗಿ. ಅವಳ ಹಿಂದೆ ನಿಂತಿದ್ದವಳು ಗೌರಕ್ಕ. ಕೂದಲು ನರೆತಿತ್ತು, ಮುಖ ಚಳಿಗೆ ಒಡೆದಿತ್ತು, ಆದರೆ ತಲೆಯ ಮೇಲಿನ ಸೆರಗನ್ನು ಕಿವಿಯ ಹಿಂದೆ ಸಿಕ್ಕಿಸುವ ರೀತಿ ಅದೇ. ನನ್ನ ಎರಡೂ ಕೆನ್ನೆ ಸವರಿ ನೆಟಿಗೆ ಮುರಿದಳು. ಅವಳು ಅಳಲಿಲ್ಲ, ಎಷ್ಟು ದಪ್ಪಗಾಗಿದ್ದೀಯೋ ಎಂದು ಬೈದಳು. ಅವಳ ಮಾತು ನಾವೆಲ್ಲ ಮರೆತ ಹಳೆಯ ಮಾತು. ಸಣ್ಣವರಿದ್ದಾಗ ಅಜ್ಜಿಯ ಬಾಯಲ್ಲಿ ಕೇಳುತ್ತಿದ್ದ ಪದಗಳು ಅಲ್ಲಿ ಹಾಗೇ ಉಳಿದಿದ್ದವು.

ಹಗ್ಗ ಬಿಗಿದ ಹುಡುಗಿ ಅಕ್ಕನ ಮಗಳು ನೀಲಾ. ಅವಳು ನೆಲವನ್ನು ತುಳಿದವಳೇ ಅಲ್ಲ. ಮೇಲೆ ಹುಟ್ಟಿದವರು ಕೆಳಗಿಳಿದು ಒಂದು ಸಂತೆ ಮುಗಿಸಿ ಹೋಗಬಹುದು, ಬಾಳುವೆ ಮಾಡಲಾಗುವುದಿಲ್ಲ. ಕೆಳಗಿನ ಗಾಳಿ ಎದೆಯ ಮೇಲೆ ಕುಳಿತಂತಾಗುತ್ತದಂತೆ. ನಿಮ್ಮ ನೆಲ ತೂಗುವುದೇ ಇಲ್ಲವಂತಲ್ಲ, ನಿಮಗೆ ನಿದ್ದೆ ಹೇಗೆ ಬರುತ್ತದೆ ಮಾಮಾ ಎಂದು ನನ್ನನ್ನು ಕೇಳಿದಳು. ನಾನು ಗಿರಣಿಯ ಪಟ್ಟೆಯ ಸದ್ದಿಗೆ ಮಲಗುತ್ತೇನೆ ಎಂದೆ. ಅದು ಅವಳಿಗೆ ಒಪ್ಪಿಗೆಯಾಯಿತು.

ಮನೆಯ ಬಾಗಿಲಲ್ಲೇ ಒಂದು ಗಂಟು ಇತ್ತು. ಸೀರೆಗಳು, ಮಾವನ ಹಗ್ಗ ಹೊಸೆಯುವ ಕಟ್ಟಿಗೆ, ಒಂದು ತಂಬಿಗೆ. ನಾನು ಅದನ್ನೇ ನೋಡುವುದನ್ನು ಕಂಡು ಅಕ್ಕ ಪಕ್ಕಕ್ಕೆ ಕುಳಿತಳು.

"ಒಂದಿನ ಕಟ್ತೀನಿ ತಮ್ಮಾ, ಒಂದಿನ ಬಿಚ್ತೀನಿ. ಅಲ್ಲಿ ಅವ್ವ ಅದಾಳ, ಇಲ್ಲಿ ನೀಲಾ ಅದಾಳ. ಯಾರನ್ನ ಬಿಡಲಿ? ನನಗ ಬಿಲ್ಕುಲ್ ತಿಳೀವಲ್ದು. ಅವ್ವ ಏನಂದ್ಲು, ಅದನ್ನ ಹೇಳು. ಆಕಿ ಅಂದಾಂಗ ಮಾಡ್ತೀನಿ."

ಬಾ ಎನ್ನದೆ ಮತ್ತೇನು ಎನ್ನುತ್ತಾಳೆ ಎಂದು ನಾನೇ ಅವ್ವನ ಪರವಾಗಿ ಹೇಳಿಬಿಟ್ಟೆ. ನಾಳೆ ಉಡಿ ತುಂಬಿ ಕರೆದುಕೊಂಡು ಹೋಗುತ್ತೇನೆ, ಅವ್ವ ಸಾಮಾನು ಕೊಟ್ಟಿದ್ದಾಳೆ ಎಂದೆ. ಅವಳು ತಲೆ ಆಡಿಸಿದಳು. ಊಟಕ್ಕೆ ಕುಳಿತಾಗ ನೀಲಾಳ ತಟ್ಟೆಗೆ ಬಡಿಸಿದಳು, ನನಗೆ ಬಡಿಸಿದಳು, ತಾನು ಉಣ್ಣಲಿಲ್ಲ.

ಉಡಿಹೊಲ

ಬೆಳಗ್ಗೆ ಅಕ್ಕ ನನ್ನನ್ನು ಊರಿನ ನೆತ್ತಿಗೆ ಕರೆದೊಯ್ದಳು. ಅಲ್ಲಿ, ಬಂಡೆಗಳ ನಡುವೆ, ನಮ್ಮ ಊರಿನ ಕಣದಷ್ಟು ದೊಡ್ಡ ಹೊಲ. ಜೋಳ ತೆನೆ ಹಿಡಿದು ನಿಂತಿತ್ತು. ಕಲ್ಲಿನ ಊರಲ್ಲಿ ಹೊಲ ಎಲ್ಲಿಂದ ಬಂತು ಎಂದು ಬೆರಗಾಗಿ ನಿಂತೆ. ಅದನ್ನು ಉಡಿಹೊಲ ಎನ್ನುತ್ತಾರೆ. ಕೆಳಗಿನಿಂದ ಮದುವೆಯಾಗಿ ಬಂದ ಪ್ರತಿಯೊಬ್ಬ ಹೆಣ್ಣುಮಗಳೂ ತವರಿನ ಮಣ್ಣನ್ನು ಉಡಿಯಲ್ಲಿ ತಂದು ಅಲ್ಲಿ ಸುರಿದಿದ್ದಾಳೆ. ಔರಾದ ಶಹಾಜನಿಯ ಮಣ್ಣು, ತುರೋರಿಯ ಮಣ್ಣು, ಬೀದರದ ಕೆಂಪು ಮಣ್ಣು. ಎಷ್ಟು ತಲೆಮಾರಿನ ಸೊಸೆಯಂದಿರು ಸೇರಿ ಅಷ್ಟು ಹೊಲವಾಗಿದೆ. ಅಲ್ಲೇ ಒಂದು ಪುಟ್ಟ ಕೋಪಿ ಕಟ್ಟಿ ಅವರು ಎಳ್ಳ ಅಮಾವಾಸ್ಯೆ ಮಾಡುತ್ತಾರೆ. ಅಕ್ಕ ಮದುವೆಯಾಗಿ ಹೊರಟಾಗ ಅವ್ವ ಅವಳ ಉಡಿಗೆ ಮಣ್ಣು ಹಾಕಿದ್ದು ನನಗೆ ಅಸ್ಪಷ್ಟವಾಗಿ ನೆನಪಾಯಿತು.

ನನ್ನ ಸಂತೋಷಕ್ಕೆ ಪಾರವಿಲ್ಲ. ಅವ್ವ ಎಷ್ಟು ಸರಿಯಾದ ವಸ್ತು ಕೊಟ್ಟಿದ್ದಾಳೆ ಎಂದುಕೊಂಡೆ. ಹೊಲದಲ್ಲಿ ಹಕ್ಕಿ ಕಾಯುತ್ತ ಐದಾರು ಹೆಂಗಸರು ಕುಳಿತಿದ್ದರು. ಅವರ ಎದುರಿಗೇ ಅಕ್ಕನನ್ನು ನಿಲ್ಲಿಸಿ, ಉಡಿ ಒಡ್ಡು ಎಂದೆ. ಅವಳು ನಗುತ್ತ ಸೆರಗು ಒಡ್ಡಿದಳು. ನಾನು ಚೀಲ ಬಿಚ್ಚಿ ಮಣ್ಣು ಸುರಿದೆ.

ಅಕ್ಕನ ನಗು ನಿಂತಿತು. ಔರಾದ ಕಡೆಯ ಕಾಶಮ್ಮ ಎಂಬ ಮುದುಕಿ ಎದ್ದು ಬಂದು, ಉಡಿಯಲ್ಲಿದ್ದ ಮಣ್ಣನ್ನು ಮುಟ್ಟಿ ಕಣ್ಣಿಗೊತ್ತಿಕೊಂಡಳು. ಅಕ್ಕ ಯಾರ ಮುಖವನ್ನೂ ನೋಡದೆ ಜೋಳದ ಸಾಲಿನೊಳಗೆ ಹೋದಳು. ಉಡಿ ಬಿಚ್ಚಿ ಮಣ್ಣನ್ನು ಬುಡಗಳಿಗೆ ಹರವಿದಳು. ತಿರುಗಿ ಬಂದು ಬದುವಿನ ಮೇಲೆ ಕುಳಿತವಳು ಸೆರಗು ಬಾಯಿಗೊತ್ತಿಕೊಂಡು ಅತ್ತಳು. ನಾನು ಗಾಬರಿಯಾಗಿ ಪಕ್ಕದಲ್ಲಿ ಕುಳಿತೆ.

ಅಳು ನಿಂತ ಮೇಲೆ ಹೇಳಿದಳು. ಮುಗಿಲವಾಡಿಯ ಹೆಣ್ಣಿನ ಉಡಿಗೆ ಮಣ್ಣು ಬೀಳುವುದು ಎರಡೇ ಸಲ. ಮೊದಲನೆಯದು ಮದುವೆಯಲ್ಲಿ. ಗಂಡ ಹೋದ ಮೇಲೆ ತವರಿನವರು ಅವಳನ್ನು ವಾಪಸು ಕರೆಯುವುದಾದರೆ ಬರಿದಾದ ಚೀಲ ಕಳಿಸುತ್ತಾರೆ. ಅವಳು ತನ್ನ ಪಾಲಿನ ಮಣ್ಣನ್ನು ಅದರಲ್ಲಿ ತುಂಬಿಕೊಂಡು ಇಳಿದು ಹೋಗುತ್ತಾಳೆ. ಹಾಗಲ್ಲದೆ ಮಣ್ಣು ತುಂಬಿದ ಚೀಲ ಬಂದು ಎರಡನೆಯ ಸಲ ಉಡಿಗೆ ಬಿದ್ದರೆ ಅದರ ಅರ್ಥ ಬೇರೆ. ನೀನು ಅಲ್ಲಿಯವಳು, ನಮ್ಮ ಚಿಂತೆ ಬಿಟ್ಟು ಅಲ್ಲೇ ಇರು ಎಂದು ತವರು ಹೇಳಿದ ಹಾಗೆ.

ಇದು ತಪ್ಪಾಗಿದೆ, ಅವ್ವನಿಗೆ ಈ ಪದ್ಧತಿ ಗೊತ್ತಿಲ್ಲ, ಏನೋ ಮನೆಯ ಮಣ್ಣು ಮೂಸಲಿ ಎಂದು ಕೊಟ್ಟಿದ್ದಾಳೆ ಎಂದು ಹೇಳಿದೆ, ಮತ್ತೆ ಮತ್ತೆ ಹೇಳಿದೆ. ಆಮೇಲೆ ಜೋಳದ ಸಾಲಿಗೆ ನುಗ್ಗಿ, ಮೊಣಕಾಲೂರಿ, ಹಾಕಿದ ಮಣ್ಣನ್ನು ಬಳಿದು ಚೀಲಕ್ಕೆ ತುಂಬತೊಡಗಿದೆ. ಹೆಂಗಸರು ಯಾರೂ ತಡೆಯಲಿಲ್ಲ. ಎರಡು ಬೊಗಸೆ ತುಂಬಿದ ಮೇಲೆ ಕೈ ನಿಂತಿತು. ನಮ್ಮ ಕರಿ ಮಣ್ಣು ಯಾವುದು, ಔರಾದದ್ದು ಯಾವುದು, ಅಕ್ಕ ಮದುವೆಯಲ್ಲಿ ತಂದದ್ದು ಯಾವುದು, ಒಂದೂ ಗೊತ್ತಾಗಲಿಲ್ಲ. ಬೇರುಗಳು ಎಲ್ಲವನ್ನೂ ಹಿಡಿದುಕೊಂಡಿದ್ದವು. ನಾನು ಅಲ್ಲೇ ಕುಳಿತು ಸಣ್ಣ ಮಗುವಿನ ಹಾಗೆ ಅತ್ತೆ.

ಅಕ್ಕ ಬಂದು ನನ್ನ ಕೈ ಝಾಡಿಸಿದಳು.

"ಅವ್ವಗ ಗೊತ್ತಿತ್ತೋ ಇಲ್ಲೋ, ನನಗ ಅದು ಬ್ಯಾಡ ತಮ್ಮಾ. ಯಾರಾದ್ರೂ ಒಬ್ರು ನನಗ ಇರು ಅನಬೇಕಾಗಿತ್ತು. ನಾ ಆಗಿ ಇರ್ತೀನಿ ಅನ್ಲಾಕ ನನ್ನ ಬಾಯಿ ಬರ್ತಿದ್ದಿಲ್ಲ."

ಅವತ್ತು ಮಧ್ಯಾಹ್ನ ಅವಳು ಹೊಟ್ಟೆ ತುಂಬ ಉಂಡಳು. ಬಾಗಿಲ ಬಳಿಯ ಗಂಟನ್ನು ಬಿಚ್ಚಿ, ಸೀರೆಗಳನ್ನು ಮತ್ತೆ ಹಗ್ಗದ ಮೇಲೆ ಹಾಕಿದಳು. ನಾನು ಮುಖ ತಿರುಗಿಸಿ ಕುಳಿತೆ. ಸಿಟ್ಟು ಯಾರ ಮೇಲೆ ಎಂದು ನನಗೇ ಗೊತ್ತಿರಲಿಲ್ಲ.

ಕೊನೆಯ ಹಡಗು

ಹೊರಡುವ ದಿನ ಗಾಳಿ ಚೆನ್ನಾಗಿತ್ತು. ಅದೂ ಸಿಟ್ಟು ಬರಿಸಿತು. ಗೂಟದ ಕಲ್ಲಿನಲ್ಲಿ ಅಷ್ಟು ಕಾಯಿಸಿದ ಗಾಳಿ, ಇಲ್ಲಿ ಒಂದು ಗಳಿಗೆಯೂ ಕಾಯಿಸಲಿಲ್ಲ. ಅಕ್ಕ ನನ್ನ ಬರಿ ಚೀಲದಲ್ಲಿ ಉಡಿಹೊಲದ ಜೋಳದ ತೆನೆಗಳನ್ನು ಹಾಕಿ ಕೊಟ್ಟಳು. ಅಮಾವಾಸ್ಯೆಯ ದಿನ ಹೊಲದಲ್ಲಿ ನೈವೇದ್ಯದ ಚರಗ ಚೆಲ್ಲುವಾಗ ಇದನ್ನೂ ಸೇರಿಸಿ ಚೆಲ್ಲಬೇಕು ಎಂದಳು. ನನ್ನ ಮೂಗಿಗೆ ಬೆರಳಿನಿಂದ ಏನೋ ಬಳಿದಳು. ಒಲೆಯ ಬೂದಿ. ಸೆರಗಿನಲ್ಲಿ ಕಟ್ಟಿಕೊಂಡು ಬಂದಿದ್ದಳು.

ಹಗ್ಗ ಬಿಚ್ಚಿದವಳು ನೀಲಾ. ನಾನು ಅಕ್ಕನನ್ನೇ ನೋಡುತ್ತ ನಿಂತೆ. ಅವಳು ಹಿಡಿದ ಹಗ್ಗ ಬಿಡದೆ ನಿಂತಿದ್ದಳು. ಮೊದಲು ಅವಳ ಮುಖ ಕಾಣದಾಯಿತು, ಆಮೇಲೆ ಸೀರೆಯ ಬಣ್ಣ, ಆಮೇಲೆ ಮನೆಗಳು. ಕೊನೆಗೆ ಮುಗಿಲವಾಡಿ ಬೇರೆ ಮೋಡಗಳ ನಡುವೆ ಒಂದು ಮೋಡವಾಯಿತು. ಅದು ಯಾವುದು ಎಂದು ಬಹಳ ಹೊತ್ತು ಗುರುತು ಹಿಡಿದುಕೊಂಡಿದ್ದೆ. ಒಮ್ಮೆ ಕಣ್ಣೊರೆಸಿಕೊಂಡು ನೋಡಿದಾಗ ಗುರುತು ತಪ್ಪಿತು.

ಇಳಿಯುವ ದಾರಿಯಲ್ಲಿ ಮಾಳಪ್ಪಣ್ಣನನ್ನು ಹಿಡಿದು ಕೇಳಿದೆ. ವರ್ಷ ವರ್ಷ ಹೋಗಿ ಬರುವವನಿಗೆ ಈ ಪದ್ಧತಿ ಗೊತ್ತಿಲ್ಲದೆ ಇರುತ್ತದೆಯೇ, ಗೂಟದ ಕಲ್ಲಿನಲ್ಲೇ ಯಾಕೆ ಹೇಳಲಿಲ್ಲ ಎಂದೆ. ಅವನು ಭಂಡಾರದ ಚೀಲ ಮುಟ್ಟಿಕೊಂಡು, ನಾನು ಮಾತು ಕೊಟ್ಟಿದ್ದೇನೆ, ಮನೆಗೆ ಹೋಗಿ ಕೇಳಿ ಎಂದಷ್ಟೇ ಹೇಳಿದ. ಯಾರಿಗೆ ಮಾತು ಕೊಟ್ಟ ಎಂದು ಕೇಳಲು ನನಗೆ ಧೈರ್ಯವಾಗಲಿಲ್ಲ.

ವಲಾಂಡಿ

ನಾನು ಊರು ಮುಟ್ಟಿದ್ದು ಅಮಾವಾಸ್ಯೆಯ ದಿನವೇ. ಮನೆಗೆ ಬೀಗ, ಎಲ್ಲರೂ ಹೊಲದಲ್ಲಿದ್ದರು. ಬದುವಿನ ಮೇಲೆ ನಡೆದು ಹೋಗುವಾಗ ಕಾಲು ತೂಗಿದಂತಾಗುತ್ತಿತ್ತು, ಹಗ್ಗಕ್ಕಾಗಿ ಕೈ ಹುಡುಕುತ್ತಿತ್ತು. ಬನ್ನಿ ಗಿಡದ ಹತ್ತಿರ ಕೋಪಿ ಕಟ್ಟಿದ್ದರು. ನನ್ನ ಹೆಂಡತಿ ಕಾಳು ಸೊಪ್ಪಿನ ಭಜ್ಜಿ ಬಡಿಸುತ್ತಿದ್ದಳು, ಮಕ್ಕಳು ದಂಟು ಮುರಿಯುತ್ತಿದ್ದರು. ಅವ್ವ ಹಣೆಯ ತುಂಬ ವಿಭೂತಿ ಹಚ್ಚಿಕೊಂಡು ಕೋಪಿಯ ಬಾಯಲ್ಲಿ ಕುಳಿತಿದ್ದಳು. ನಾನು ಒಬ್ಬನೇ ಬರುತ್ತಿರುವುದನ್ನು ದೂರದಿಂದಲೇ ನೋಡಿದಳು. ನನ್ನ ಹಿಂದೆ ಯಾರಾದರೂ ಇದ್ದಾರೆಯೇ ಎಂದು ಹುಡುಕಲಿಲ್ಲ.

ಹೋಗಿ ಎದುರಿಗೆ ಕುಳಿತೆ. ತೆನೆಯ ಚೀಲವನ್ನು ಅವಳ ಮುಂದಿಟ್ಟೆ.

"ಉಡಿಯಾಗ ತಗೊಂಡ್ಲೇನು?" ಎಂದಳು ಅವ್ವ.

ಹೂಂ ಎಂದೆ. ಹೊಲಕ್ಕೆ ಹಾಕಿದಳೇ ಎಂದಳು. ಹಾಕಿದಳು ಎಂದೆ. ಅವ್ವ ಕಣ್ಣು ಮುಚ್ಚಿ ಕೊರಳಲ್ಲಿದ್ದ ಲಿಂಗವನ್ನು ಹಿಡಿದುಕೊಂಡಳು. ಆಮೇಲೆ ತಾನೇ ಹೇಳಿದಳು. ಮಾಳಪ್ಪಣ್ಣನಿಂದ ಎಲ್ಲವನ್ನೂ ಮೊದಲೇ ಕೇಳಿ ತಿಳಿದುಕೊಂಡಿದ್ದಳು: ಗಂಟಿನ ಸುದ್ದಿ, ನೀಲಾಳ ಸುದ್ದಿ, ಬರಿ ಚೀಲದ ಪದ್ಧತಿ, ತುಂಬಿದ ಚೀಲದ ಪದ್ಧತಿ. ತಾಯಿಯೂ ಮಗಳೂ ಇಬ್ಬರೂ ಎರಡು ಕಡೆ ಅಳುವುದಕ್ಕಿಂತ ಒಬ್ಬ ತಾಯಿಯಾದರೂ ತನ್ನ ಮಗಳ ಹತ್ತಿರ ಇರಲಿ ಎಂದು ತೀರ್ಮಾನ ಮಾಡಿದ್ದಳು. ಬನ್ನಿ ಗಿಡದ ಬುಡಕ್ಕೆ ಖುರ್ಪಿ ಹಾಕುವ ಮೊದಲೇ ಅದು ತೀರ್ಮಾನವಾಗಿತ್ತು.

ನನಗೆ ಯಾಕೆ ಹೇಳಲಿಲ್ಲ ಎಂದು ಕೇಳಿದೆ. ನನ್ನ ದನಿ ಏರಿತ್ತು, ಮಕ್ಕಳು ತಿರುಗಿ ನೋಡಿದರು.

"ಹೇಳಿದ್ರ ನೀ ಒಯ್ತಿದ್ದೇನು?" ಎಂದಳು.

ಒಯ್ಯುತ್ತಿರಲಿಲ್ಲ. ದಾರಿಯಲ್ಲಿ ಎಲ್ಲಾದರೂ ಸುರಿದು, ಬರಿ ಚೀಲ ಒಯ್ದು ಅಕ್ಕನ ಮುಂದೆ ಹಿಡಿಯುತ್ತಿದ್ದೆ. ಅವ್ವನಿಗೆ ನನ್ನ ಬಗ್ಗೆಯೂ ಗೊತ್ತಿತ್ತು.

ಆಮೇಲೆ ಚರಗ ಚೆಲ್ಲಿದೆವು. ಅವ್ವ ಮುಗಿಲವಾಡಿಯ ತೆನೆಗಳನ್ನು ಅಂಗೈಯಲ್ಲಿ ಉಜ್ಜಿ, ಊದಿ, ಕಾಳನ್ನು ಅನ್ನ ಭಜ್ಜಿಯ ಜೊತೆ ಕಲಸಿದಳು. ನಾನು ಬುಟ್ಟಿ ಹಿಡಿದು ಮುಂದೆ ನಡೆದೆ, ಮಕ್ಕಳು ಕೂಗುತ್ತ ಹಿಂದೆ ಬಂದರು, ಅವ್ವ ಹೊಲದ ನಾಲ್ಕೂ ಮೂಲೆಗೆ ಚೆಲ್ಲಿದಳು. ಆ ಹೊತ್ತಿಗೆ ಮೇಲೆ ಪುಟ್ಟ ಕೋಪಿಯ ಸುತ್ತ ಗೌರಕ್ಕನೂ ಇದನ್ನೇ ಮಾಡುತ್ತಿರಬೇಕು. ಮುಗಿಲಲ್ಲಿ ಒಂದೇ ಒಂದು ಮೋಡವೂ ಇರಲಿಲ್ಲ.

ಬನ್ನಿ ಗಿಡದ ಬುಡದಲ್ಲಿ ಅವ್ವ ಮಣ್ಣು ಅಗೆದ ಸಣ್ಣ ತಗ್ಗು ಹಾಗೇ ಇದೆ. ಈ ಸಲ ಹರಗುವಾಗ ಆಳುಮಗ ಅದನ್ನು ಮುಚ್ಚಲು ಹೋದ. ನಾನು ಎತ್ತಿನ ಹಗ್ಗ ಹಿಡಿದು, ಕುಂಟೆಯನ್ನು ಆ ಕಡೆಯಿಂದ ಸುತ್ತಿಸಿದೆ.